ಅರ್ಧಕ್ಕೇ ಎದ್ದು ಬಂದ ಸಿನಿಮಾ

ಓದುಗರ ಪ್ರಶ್ನೆ

ನಾನು ಬಳ್ಳಾರಿಯಲ್ಲಿ ಸರ್ಕಾರಿ ಬಸ್ ಡ್ರೈವರ್. 21 ವರ್ಷ ಸರ್ವೀಸ್ ಆಗಿದೆ. ವಾರದಲ್ಲಿ ಮೂರು ರಾತ್ರಿ ವಸ್ತಿ ಬಸ್ಸಿನ ಡ್ಯೂಟಿ. ಒಬ್ಬನೇ ಮಗ. 17 ವರ್ಷ, ಸೆಕೆಂಡ್ ಪಿಯುಸಿ. ಆರು ತಿಂಗಳಿಂದ ನಮ್ಮ ಏರಿಯಾದ ಒಬ್ಬ ‘ಅಣ್ಣ’ನ ಹಿಂದೆ ಓಡಾಡುತ್ತಿದ್ದಾನೆ. ಆ ಮನುಷ್ಯನಿಗೆ ಮರಳಿನ ಟಿಪ್ಪರ್ ಇವೆ, ಬಡ್ಡಿ ವ್ಯವಹಾರ ಇದೆ, ಕ್ರಿಕೆಟ್ ಸೀಸನ್ ಬಂದರೆ ಬೆಟ್ಟಿಂಗ್. ಮಗನ ಕೈಗೆ ಹೊಸ ಫೋನ್ ಬಂದಿದೆ. ಬ್ಯಾಗಿನಲ್ಲಿ 14 ಸಾವಿರ ಸಿಕ್ಕಿತು. ಕೇಳಿದರೆ ‘ಅಣ್ಣ ಕೊಟ್ಟಾನ, ಕೆಲಸ ಮಾಡಿದ್ದಕ್ಕೆ’ ಅಂದ. ಸ್ಕಾಲರ್‌ಶಿಪ್‌ಗೆ ಅಂತ ಮಾಡಿಸಿದ ಖಾತೆಯ ಎಟಿಎಂ ಕಾರ್ಡು ಅಣ್ಣನ ಹುಡುಗರ ಹತ್ತಿರ ಇದೆಯಂತೆ.

ಹೋದ ತಿಂಗಳು ಬಡ್ಡಿ ಕಟ್ಟಲಿಲ್ಲ ಅಂತ ಜೀನ್ಸ್ ಹೊಲಿಯುವ ಒಬ್ಬ ಟೈಲರನ್ನು ನಮ್ಮ ಓಣಿಯಲ್ಲೇ ಹೊಡೆದರು. ಕೈ ಮುರಿದಿದೆ. ಮಗ ಅಲ್ಲೇ ನಿಂತಿದ್ದ. ಪೊಲೀಸರು ಬಂದು ಕೇಳಿದಾಗ ‘ನೋಡಿಲ್ಲ’ ಅಂದ. ಪಕ್ಕದಲ್ಲಿದ್ದ ನಾನೂ ಸುಮ್ಮನಿದ್ದೆ.

ಮೊನ್ನೆ ಮಗ ಫೋನ್ ತಂದು, ‘ಅಪ್ಪಾ, ಇದ್ರಾಗ ನಿನ್ನಂಗ ಒಬ್ಬ ಬಸ್ ಡ್ರೈವರ್ ಅದಾನ, ನೋಡು’ ಅಂತ ಒಂದು ಇಂಗ್ಲಿಷ್ ಸಿನಿಮಾ ಹಚ್ಚಿದ. ‘ಎ ಬ್ರಾಂಕ್ಸ್ ಟೇಲ್’ ಅಂತ ಹೆಸರು. ಡ್ರೈವರ್ ಮಗ ರೌಡಿಯ ಹಿಂದೆ ಹೋಗುತ್ತಾನೆ. ಮಗ ದುಡಿದ ದುಡ್ಡನ್ನು ಅಪ್ಪ ರೌಡಿಗೆ ವಾಪಸ್ ಕೊಡುತ್ತಾನೆ. ಆಗ ಆ ಹುಡುಗ ಅಪ್ಪನಿಗೇ ಎದುರು ಮಾತಾಡುತ್ತಾನೆ. ಅಲ್ಲಿಗೆ ನಾನು ಎದ್ದು ಬಂದೆ. ನನ್ನನ್ನು ಹಂಗಿಸೋದಕ್ಕೇ ತೋರಿಸಿದ ಅನ್ನಿಸಿತು. ಇಂಥ ಸಿನಿಮಾಗಳೇ ಹುಡುಗರನ್ನು ಕೆಡಿಸುತ್ತವೆ ಅನ್ನುತ್ತಾಳೆ ಹೆಂಡತಿ. ‘ಹದಿನೆಂಟು ಆಗಿಲ್ಲಲ್ಲ, ಅವನಿಗೆ ಏನೂ ಆಗಲ್ಲ ಬಿಡು ಭಾವ’ ಅನ್ನುತ್ತಾನೆ ಅವಳ ತಮ್ಮ. ಮಗನನ್ನು ಸಿಂಧನೂರಿನಲ್ಲಿರುವ ನನ್ನ ತಂಗಿ ಮನೆಗೆ ಕಳಿಸಲೇ? ಆ ದುಡ್ಡನ್ನು ಅಣ್ಣನ ಮುಖಕ್ಕೆ ಎಸೆದು ಬರಲೇ? ರಾತ್ರಿ ಬಸ್ ಓಡಿಸುವಾಗಲೂ ಇದೇ ತಲೆಯಲ್ಲಿ.

ಉತ್ತರ

ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಮೊದಲ ಸಲ ಎಟಿಎಂ ಕಾರ್ಡಿನ ವಿಷಯ ಓದಿ ಗಾಬರಿಯಾಯಿತು. ಎರಡನೇ ಸಲ ‘ಅಲ್ಲಿಗೆ ನಾನು ಎದ್ದು ಬಂದೆ’ ಅನ್ನುವ ಮಾತು ನನ್ನನ್ನು ಹಿಡಿದು ನಿಲ್ಲಿಸಿತು. ಎರಡರ ಬಗ್ಗೆಯೂ ಹೇಳುತ್ತೇನೆ. ಕಾರ್ಡಿನ ಕೆಲಸ ನಾಳೆಯೇ ಆಗಬೇಕು. ಅದನ್ನು ಮೊದಲು ಮುಗಿಸೋಣ.

ಬೆಟ್ಟಿಂಗ್ ದುಡ್ಡು, ಆನ್‌ಲೈನ್ ಮೋಸದ ದುಡ್ಡು ನೇರವಾಗಿ ದೊಡ್ಡವರ ಖಾತೆಗೆ ಹೋಗುವುದಿಲ್ಲ. ನಾಲ್ಕಾರು ಬಡ ಹುಡುಗರ ಖಾತೆ ಸುತ್ತಿ ಹೋಗುತ್ತದೆ. ಇದಕ್ಕೆ ‘ಮ್ಯೂಲ್ ಅಕೌಂಟ್’ ಅನ್ನುತ್ತಾರೆ. ಮ್ಯೂಲ್ ಅಂದರೆ ಹೇಸರಗತ್ತೆ. ಸರಕು ಯಾರದೋ, ಹೊರುವವನು ಇವನು. ಮೋಸ ಹೋದವರು ಯಾವುದೋ ಊರಿನಲ್ಲಿ ದೂರು ಕೊಡುತ್ತಾರೆ. ಪೊಲೀಸರು ದುಡ್ಡಿನ ಜಾಡು ಹಿಡಿದು ಬಂದು ಮೊದಲು ತಟ್ಟುವುದು ಖಾತೆ ಯಾರ ಹೆಸರಿನಲ್ಲಿದೆಯೋ ಅವರ ಬಾಗಿಲು. ಇತ್ತೀಚೆಗೆ ನನ್ನ ಹತ್ತಿರ ಬರುವ ಹುಡುಗರಲ್ಲಿ ಇದೇ ಜಾಸ್ತಿ. ಹೊಡೆದಾಟದಲ್ಲಿ ಸಿಕ್ಕಿಕೊಂಡವರಿಗಿಂತ, ‘ಕಾರ್ಡು ಕೊಟ್ಟಿದ್ದೆ ಅಷ್ಟೇ ಮೇಡಂ’ ಅನ್ನುವವರು. ತಾವು ತಪ್ಪು ಮಾಡಿದ್ದೇವೆ ಅಂತ ಅವರಿಗೆ ಗೊತ್ತೇ ಇರುವುದಿಲ್ಲ.

ಡ್ಯೂಟಿಗೆ ಅರ್ಧ ದಿನ ರಜೆ ಹಾಕಿ. ಮಗನ ಜೊತೆ ಬ್ಯಾಂಕಿಗೆ ಹೋಗಿ. ಕಾರ್ಡು ಬ್ಲಾಕ್ ಮಾಡಿಸಿ. ಖಾತೆಗೆ ಯಾವ ಮೊಬೈಲ್ ನಂಬರ್ ಜೋಡಿಸಿದೆ ನೋಡಿ, ಬೇರೆಯವರದ್ದಾಗಿದ್ದರೆ ಬದಲಾಯಿಸಿ. ಒಂದು ವರ್ಷದ ಸ್ಟೇಟ್‌ಮೆಂಟ್ ತೆಗೆಸಿ. ಅರ್ಜಿ ಬರೆದುಕೊಟ್ಟು ಅದರ ಪ್ರತಿಯ ಮೇಲೆ ಸೀಲು, ತಾರೀಖು ಹಾಕಿಸಿಕೊಳ್ಳಿ. ಈ ಸೀಲು ಬಹಳ ಮುಖ್ಯ, ಮರೆಯಬೇಡಿ. ಗೊತ್ತಿಲ್ಲದ ದುಡ್ಡು ಬಂದುಹೋಗಿದ್ದರೆ ಸ್ಟೇಟ್‌ಮೆಂಟ್ ಹಿಡಿದು ವಕೀಲರ ಹತ್ತಿರ ಹೋಗಿ, ಅವರ ಜೊತೆ ಸಿಇಎನ್ ಠಾಣೆಗೆ (ಸೈಬರ್, ಆರ್ಥಿಕ, ಮಾದಕ ವಸ್ತು ಅಪರಾಧಗಳ ಪೊಲೀಸ್ ಠಾಣೆ) ಹೋಗಿ. ವಕೀಲರಿಗೆ ಫೀಸು ಎಲ್ಲಿಂದ ತರಲಿ ಅನ್ನಬೇಡಿ. 18 ತುಂಬದ ಎಲ್ಲ ಮಕ್ಕಳಿಗೂ ಉಚಿತ ಕಾನೂನು ನೆರವಿನ ಹಕ್ಕಿದೆ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಚೇರಿಯಲ್ಲಿ ವಿಚಾರಿಸಿ, ಇಲ್ಲವೇ 15100ಕ್ಕೆ ಫೋನ್ ಮಾಡಿ.

ಬ್ಯಾಗಿನಲ್ಲಿ ಸಿಕ್ಕ 14 ಸಾವಿರವನ್ನು ಮುಟ್ಟಬೇಡಿ. ಖರ್ಚು ಮಾಡಬೇಡಿ, ಯಾರಿಗೂ ಎಸೆಯಬೇಡಿ. ಕವರಿನಲ್ಲಿಟ್ಟು ಮೇಲೆ ದಿನಾಂಕ ಬರೆಯಿರಿ. ಅದನ್ನು ಏನು ಮಾಡಬೇಕು ಅಂತ ವಕೀಲರು ಹೇಳಲಿ.

ಈಗ ಸಿನಿಮಾದ ಮಾತು.

ನಿಮಗೊಂದು ವಿಷಯ ಗೊತ್ತಿದ್ದರೆ ಬಹುಶಃ ಎದ್ದು ಬರುತ್ತಿರಲಿಲ್ಲ. ಆ ಕಥೆ ಬರೆದವರು ಚಾಜ್ ಪಾಲ್ಮಿಂಟೇರಿ. ನ್ಯೂಯಾರ್ಕಿನ ಬ್ರಾಂಕ್ಸ್‌ನಲ್ಲಿ ಬೆಳೆದವರು. ಅವರ ಅಪ್ಪ ನಿಜಕ್ಕೂ ಬಸ್ ಡ್ರೈವರ್. ಚಿಕ್ಕವರಿದ್ದಾಗ ಮನೆಯ ಹತ್ತಿರವೇ ಒಂದು ಕೊಲೆ ನೋಡಿದ್ದರು. ದೊಡ್ಡವರಾದ ಮೇಲೆ ಅದನ್ನು ನಾಟಕ ಮಾಡಿ, ಎಲ್ಲ ಪಾತ್ರಗಳನ್ನೂ ತಾವೊಬ್ಬರೇ ಆಡಿ ತೋರಿಸಿದರು. ಆಮೇಲೆ 1993ರಲ್ಲಿ ಸಿನಿಮಾ ಬಂತು. ಹಾಲಿವುಡ್ ನಟ ರಾಬರ್ಟ್ ಡಿ ನೀರೋ ಮೊದಲ ಸಲ ನಿರ್ದೇಶನ ಮಾಡಿದ್ದು ಇದನ್ನೇ. ಡ್ರೈವರ್ ಲೊರೆಂಜೊ ಪಾತ್ರವೂ ಅವರದೇ. ಅದೇ ವರ್ಷ ತೀರಿಕೊಂಡ ತಮ್ಮ ಅಪ್ಪನಿಗೆ ಆ ಸಿನಿಮಾವನ್ನು ಅರ್ಪಿಸಿದ್ದಾರೆ. ರೌಡಿ ಸನ್ನಿಯ ಪಾತ್ರ ಮಾಡಿದವರು ಪಾಲ್ಮಿಂಟೇರಿ. ಅಂದರೆ ಇದು ಡ್ರೈವರನ್ನು ಹಂಗಿಸುವ ಕಥೆ ಅಲ್ಲ. ಒಬ್ಬ ಡ್ರೈವರ್ ಮಗ ತನ್ನ ಅಪ್ಪನನ್ನು ನೆನೆದು ಬರೆದ ಕಥೆ.

ಇನ್ನೊಂದು ಮಾತು. ಹಂಗಿಸಬೇಕು ಅಂದುಕೊಂಡ ಹುಡುಗ ಒಂದು ಮಾತು ಎಸೆದು ಬಾಗಿಲು ಬಡಿದುಕೊಂಡು ಹೋಗುತ್ತಾನೆ. ಅಪ್ಪನ ಪಕ್ಕ ಎರಡು ಗಂಟೆ ಕೂತು ಸಿನಿಮಾ ತೋರಿಸುವುದಿಲ್ಲ. ಈ ವಯಸ್ಸಿನ ಗಂಡು ಹುಡುಗರಿಗೆ ‘ನನಗೆ ಭಯ ಆಗ್ತಿದೆ’ ಅನ್ನುವ ಮಾತು ಬಾಯಿಗೆ ಬರುವುದೇ ಇಲ್ಲ. ಒಬ್ಬ ಹುಡುಗ ಇದನ್ನೇ ಹೇಳಲಾರದೆ ನನ್ನ ಮುಂದೆ ಮುಕ್ಕಾಲು ಗಂಟೆ ಬೈಕಿನ ಮೈಲೇಜಿನ ಬಗ್ಗೆ ಮಾತಾಡಿದ್ದ. ನಿಮ್ಮ ಮಗನಿಗೆ ಅವನ ಕಥೆಯೇ ಒಂದು ಸಿನಿಮಾದಲ್ಲಿ ಸಿಕ್ಕಿದೆ. ಡ್ರೈವರ್ ಅಪ್ಪ, ಓಣಿಯ ದೊಡ್ಡ ಮನುಷ್ಯ, ಕಣ್ಣೆದುರು ನಡೆದ ಹಿಂಸೆ, ಪೊಲೀಸರ ಮುಂದೆ ಹೇಳಿದ ಸುಳ್ಳು, ಪಕ್ಕದಲ್ಲೇ ನಿಂತು ಸುಮ್ಮನಿದ್ದ ಅಪ್ಪ. ಎಲ್ಲವೂ ಅದರಲ್ಲಿದೆ. ಇದನ್ನು ಒಬ್ಬನೇ ನೋಡಿ ಸುಮ್ಮನಿರಬಹುದಿತ್ತು. ಅವನು ನಿಮ್ಮ ಹತ್ತಿರ ತಂದ.

ಹಾಗಾದರೆ ಇಂಥ ಸಿನಿಮಾಗಳು ಹುಡುಗರನ್ನು ಕೆಡಿಸುವುದಿಲ್ಲವಾ? ನಿಮ್ಮ ಹೆಂಡತಿಯ ಮಾತನ್ನು ಪೂರ್ತಿ ತಳ್ಳಿಹಾಕಲಾರೆ. ಮಚ್ಚು ಹಿಡಿದವನು ಸ್ಲೋ ಮೋಷನ್ನಿನಲ್ಲಿ ನಡೆದು ಬರುವ ದೃಶ್ಯಗಳನ್ನೇ ರೀಲ್ಸ್ ಮಾಡಿಕೊಂಡು ನೋಡುವ ಹುಡುಗರಿದ್ದಾರೆ. ಅದರ ನಡಿಗೆ, ಗಡ್ಡ, ಡೈಲಾಗು ಎಲ್ಲ ಅವರಿಗೆ ಬರುತ್ತದೆ. ಆದರೆ ಆರು ತಿಂಗಳ ಹಿಂದೆ ನಿಮ್ಮ ಮಗ ಅಣ್ಣನ ಹತ್ತಿರ ಹೋದಾಗ ಈ ಸಿನಿಮಾ ನೋಡಿರಲಿಲ್ಲ. ಹೋದ ಮೇಲೆ ನೋಡಿದ್ದಾನೆ. ಆದ್ದರಿಂದ ಕಾರಣ ಬೇರೆ ಕಡೆ ಇದೆ.

ಕಾರಣ ದುಡ್ಡು ಅಂತ ಎಲ್ಲರೂ ಹೇಳುತ್ತಾರೆ. ಬಳ್ಳಾರಿಯಲ್ಲಿ ಹಾಗೆ ಅನ್ನಿಸುವುದು ಸಹಜ. ಅದಿರಿನ ಕಾಲ ನೀವೂ ನೋಡಿದ್ದೀರಿ. ಒಬ್ಬ ಹುಡುಗ ಲಾರಿ ಕ್ಲೀನರ್ ಆಗಿದ್ದವನು ಎರಡು ವರ್ಷಕ್ಕೆ ಕಾರಿನಲ್ಲಿ ಬರುತ್ತಿದ್ದ. ಓದಿದವನಿಗಿಂತ ಅವನಿಗೇ ಓಣಿಯಲ್ಲಿ ನಮಸ್ಕಾರ ಜಾಸ್ತಿ. 2011ರ ಜುಲೈ 29ರಂದು ಸುಪ್ರೀಂ ಕೋರ್ಟ್ ಜಿಲ್ಲೆಯಲ್ಲಿ ಗಣಿಗಾರಿಕೆ ನಿಲ್ಲಿಸಿತು. ಆಮೇಲೆ ಸಾಲದ ಲಾರಿಗಳು ಸಾಲಾಗಿ ನಿಂತವು, ಕಂತು ಕಟ್ಟಲಾರದೆ ಮನೆಗಳು ಮುಳುಗಿದವು. ಆ ಮನೆಗಳ ಮಕ್ಕಳ ಜೊತೆ ನಾನು ಕೆಲಸ ಮಾಡಿದ್ದೇನೆ. ‘ದುಡಿಯೋನು ದಡ್ಡ’ ಅನ್ನುವ ಮಾತು ಆ ಕಾಲದಲ್ಲಿ ಹುಟ್ಟಿ ನಮ್ಮ ಓಣಿಗಳಲ್ಲಿ ಉಳಿದುಕೊಂಡಿದೆ. ಸಿನಿಮಾದ ಸನ್ನಿಯೂ ಹುಡುಗನಿಗೆ ಹೆಚ್ಚುಕಡಿಮೆ ಇದನ್ನೇ ಕಲಿಸುತ್ತಾನೆ. ನಿಜವಾದ ಗಟ್ಟಿಗ ದಿನಾ ಎದ್ದು ಕೆಲಸಕ್ಕೆ ಹೋಗುವವನು ಅಂತ ಲೊರೆಂಜೊ ಅದಕ್ಕೆ ಉತ್ತರ ಕೊಡುತ್ತಾನೆ.

ಆದರೆ ನನ್ನ ಹತ್ತಿರ ಬಂದ ಹುಡುಗರು ಹೇಳಿದ್ದು ಬೇರೆ. ‘ಅಣ್ಣ ನಿನಗೆ ಏನು ಕೊಡ್ತಾನೆ?’ ಅಂತ ಕೇಳಿದರೆ ಮೊದಲು ದುಡ್ಡು ಅನ್ನುವುದಿಲ್ಲ. ‘ಹೆಸರು ಹಿಡಿದು ಕರೀತಾನೆ.’ ‘ಮಿರ್ಚಿ ಒಗ್ಗರಣಿ ತಿನ್ನೋವಾಗ ಪಕ್ಕದಾಗ ಕುಂದ್ರಿಸ್ಕೊಂತಾನ.’ ‘ಇವನು ನಮ್ಮ ಹುಡುಗ ಅಂತ ನಾಲ್ಕು ಮಂದಿ ಮುಂದೆ ಅಂತಾನ.’ ಸಂಜೆ ಆರರಿಂದ ಒಂಬತ್ತರ ತನಕ ಆ ಮನುಷ್ಯ ಅಂಗಡಿ ಮುಂದೆ ಕೂತಿರುತ್ತಾನೆ. ಆ ಹೊತ್ತಿಗೆ ನೀವು ಯಾವುದೋ ಹಳ್ಳಿಯಲ್ಲಿ ಬಸ್ ನಿಲ್ಲಿಸಿ ಗುಡಿಯ ಕಟ್ಟೆಯ ಮೇಲೆ ಹಾಸಿಗೆ ಹಾಸುತ್ತಿರುತ್ತೀರಿ. ಇದರಲ್ಲಿ ನಿಮ್ಮ ತಪ್ಪಿಲ್ಲ. ಆ ದುಡಿಮೆಯಿಂದಲೇ ಅವನು ಇಷ್ಟು ಓದಿದ್ದಾನೆ. ಆದರೆ ನೀವು ಸೋಲುತ್ತಿರುವುದು ಅಣ್ಣನ ದುಡ್ಡಿಗೆ ಅಲ್ಲ, ಅವನ ಸಂಜೆಗೆ. ದುಡ್ಡಿಗಾದರೆ ನೀವು ಏನೂ ಮಾಡುವ ಹಾಗಿರಲಿಲ್ಲ. ಸಂಜೆಗೆ ಮಾಡಬಹುದು.

ನೀವು ನೋಡದೆ ಬಿಟ್ಟ ಅರ್ಧವನ್ನು ಹೇಳುತ್ತೇನೆ. ಸಿನಿಮಾದ ಸ್ವಾರಸ್ಯ ಹೋಗುತ್ತದೆ, ಆದರೂ ನಿಮಗೆ ಇದು ಬೇಕು.

ಹುಡುಗನಿಗೆ ಹದಿನೇಳು ಆಗುತ್ತದೆ. ಒಂದು ರಾತ್ರಿ ಗೆಳೆಯರು ಕಾರಿನಲ್ಲಿ ಪೆಟ್ರೋಲ್ ಬಾಂಬ್ ಇಟ್ಟುಕೊಂಡು ಕಪ್ಪು ಜನರ ಓಣಿಗೆ ಹೊರಡುತ್ತಾರೆ. ಹುಡುಗನೂ ಆ ಕಾರಿನಲ್ಲಿ ಕೂತಿರುತ್ತಾನೆ. ಬೇಡ ಅಂತ ಮನಸ್ಸಿಗೆ ಗೊತ್ತು, ಇಳಿಯುವ ಧೈರ್ಯ ಇಲ್ಲ. ಅವನನ್ನು ಎಳೆದು ಇಳಿಸುವವನು ಸನ್ನಿ. ಗೆಳೆಯರು ಹೋಗುತ್ತಾರೆ. ಅವರು ಎಸೆದ ಬಾಟಲಿಯಲ್ಲಿ ಒಂದು ತಿರುಗಿ ಅವರ ಕಾರಿಗೇ ಬೀಳುತ್ತದೆ. ಅದರಲ್ಲಿದ್ದ ಹುಡುಗರೆಲ್ಲ ಸುಟ್ಟು ಸಾಯುತ್ತಾರೆ.

ಹೌದು, ರೌಡಿಯೇ ಹುಡುಗನ ಜೀವ ಉಳಿಸುತ್ತಾನೆ. ಸನ್ನಿಗೆ ಆ ಹುಡುಗನ ಮೇಲೆ ನಿಜವಾದ ಪ್ರೀತಿ ಇದೆ ಅಂತ ಸಿನಿಮಾ ಮುಚ್ಚಿಡದೆ ಹೇಳುತ್ತದೆ. ನಿಮ್ಮ ಏರಿಯಾದ ಅಣ್ಣನಿಗೂ ನಿಮ್ಮ ಮಗನ ಮೇಲೆ ಒಂದಿಷ್ಟು ಪ್ರೀತಿ ಇರಬಹುದು. ‘ಅವನು ನಿನ್ನನ್ನ ಉಪಯೋಗಿಸ್ಕೊಂತಾ ಇದಾನೆ ಅಷ್ಟೇ’ ಅಂತ ಹೇಳಿದ ಕೂಡಲೇ ಮಗ ಕಿವಿ ಮುಚ್ಚಿಕೊಳ್ಳುವುದು ಅದಕ್ಕೇ. ಅವನು ಕಂಡದ್ದನ್ನು ನೀವು ಸುಳ್ಳು ಅನ್ನುತ್ತಿದ್ದೀರಿ ಅಂತ ಅವನಿಗೆ ಅನ್ನಿಸುತ್ತದೆ. ‘ಅವನಿಗೆ ನೀನಂದ್ರೆ ಇಷ್ಟ ಇರಬಹುದು. ಹಾಗಿದ್ದ ಮೇಲೆ ನಿನ್ನ ಕಾರ್ಡು ಯಾಕೆ ಬೇಕಿತ್ತು?’ ಅಂತ ಕೇಳಿ ನೋಡಿ. ಮಗ ಯೋಚನೆ ಮಾಡುತ್ತಾನೆ. ಸನ್ನಿ ಆ ಹುಡುಗನನ್ನು ತನ್ನ ದಂಧೆಗೆ ಎಳೆಯಲಿಲ್ಲ, ಓದು ಅಂದ. ನಿಮ್ಮ ಮಗನ ಅಣ್ಣ ಹಾಗೆ ಮಾಡಿಲ್ಲ. ಈ ವ್ಯತ್ಯಾಸವನ್ನು ಮಗನೇ ಕಂಡುಕೊಳ್ಳಬೇಕು, ಸಿನಿಮಾ ತಂದವನು ಅವನೇ ಅಲ್ವಾ.

ಕೊನೆಯಲ್ಲಿ ಸನ್ನಿಯ ಕೊಲೆಯಾಗುತ್ತದೆ. ತುಂಬಿದ ಬಾರಿನಲ್ಲಿ ಹಿಂದಿನಿಂದ ಬಂದು ಒಬ್ಬ ಯುವಕ ಗುಂಡು ಹಾರಿಸುತ್ತಾನೆ. ಯಾರು ಅವನು? ಸಿನಿಮಾದ ಮೊದಲಲ್ಲಿ ಹುಡುಗನ ಕಣ್ಣೆದುರೇ ಸನ್ನಿ ಒಬ್ಬನನ್ನು ಕೊಂದಿದ್ದನಲ್ಲ, ಅವನ ಮಗ.

ಈ ಸಿನಿಮಾವನ್ನು ನಾನು ಎಷ್ಟೋ ಸಲ ಹುಡುಗರಿಗೆ ತೋರಿಸಿದ್ದೇನೆ. ಇದರಲ್ಲಿ ಬೈಗುಳ, ರಕ್ತ ಎಲ್ಲ ಇದೆ, ಚಿಕ್ಕ ಮಕ್ಕಳಿಗೆ ಸಲ್ಲದು. ದೊಡ್ಡ ಹುಡುಗರಿಗೆ ತೋರಿಸುತ್ತೇನೆ, ಮುಖ್ಯವಾಗಿ ಈ ಕಾರಣಕ್ಕೆ. ಎಲ್ಲರೂ ಇದನ್ನು ಇಬ್ಬರು ಅಪ್ಪಂದಿರ ನಡುವೆ ಸಿಕ್ಕ ಒಬ್ಬ ಹುಡುಗನ ಕಥೆ ಅನ್ನುತ್ತಾರೆ. ನಾನು ಕೇಳುವುದು, ‘ಇದರಲ್ಲಿ ಇನ್ನೊಬ್ಬ ಮಗ ಇದಾನೆ, ಎಲ್ಲಿದಾನೆ ಹೇಳಿ’ ಅಂತ. ಮೊದಲು ಯಾರಿಗೂ ಹೊಳೆಯುವುದಿಲ್ಲ. ಆಮೇಲೆ ಒಬ್ಬ ಹೇಳುತ್ತಾನೆ, ರೂಮು ತಣ್ಣಗಾಗುತ್ತದೆ. ರಸ್ತೆಯಲ್ಲಿ ಬಿದ್ದವನಿಗೆ ಸಿನಿಮಾ ಹೆಸರನ್ನೂ ಕೊಟ್ಟಿಲ್ಲ. ಆದರೆ ಅವನೂ ಯಾರಿಗೋ ಅಪ್ಪ. ನಮ್ಮ ಹುಡುಗ ‘ನೋಡಿಲ್ಲ’ ಅಂದ ದಿನ, ಎಲ್ಲೋ ಒಂದು ಮನೆಯಲ್ಲಿ ಇನ್ನೊಬ್ಬ ಹುಡುಗ ಅಪ್ಪನ ಹೆಣದ ಮುಂದೆ ಕೂತಿದ್ದ.

ಆ ಟೈಲರಿಗೂ ಮಕ್ಕಳಿರಬಹುದು. ಕೈ ಮುರಿದ ಟೈಲರಿನ ಮನೆಯಲ್ಲಿ ಈಗ ಯಾರು ದುಡಿಯುತ್ತಿದ್ದಾರೆ? ಜೀನ್ಸ್ ಕೆಲಸದಲ್ಲಿ ಪೀಸಿಗೆ ಇಷ್ಟು ಅಂತ ಕೂಲಿ. ಮಷೀನಿನ ಮುಂದೆ ಕೂರದಿದ್ದರೆ ಆ ದಿನ ಸೊನ್ನೆ. ನಿಮ್ಮ ಮಗನ ಜೊತೆ ಮಾತಾಡುವಾಗ ಅಣ್ಣನಿಗಿಂತ ಮೊದಲು ಈ ಟೈಲರಿನ ಮಾತು ತೆಗೆಯಿರಿ.

ನಿಮ್ಮ ಭಾವಮೈದುನ ಹೇಳಿದ ‘ಹದಿನೆಂಟು ಆಗಿಲ್ಲ, ಏನೂ ಆಗಲ್ಲ’ ಅನ್ನುವ ಮಾತಿಗೆ ಬರುತ್ತೇನೆ. ಅಣ್ಣಂದಿರು ಹುಡುಗರಿಗೆ ಹೇಳಿಕೊಡುವುದೂ ಇದನ್ನೇ. ಅರ್ಧ ನಿಜ ಇರುವುದರಿಂದ ಇದು ಅಪಾಯ. 2015ರ ಬಾಲನ್ಯಾಯ ಕಾಯ್ದೆ ಪ್ರಕಾರ 18 ತುಂಬದವರನ್ನು ಲಾಕಪ್ಪಿನಲ್ಲಾಗಲಿ ಜೈಲಿನಲ್ಲಾಗಲಿ ಇಡುವಂತಿಲ್ಲ. 24 ಗಂಟೆಯೊಳಗೆ ಬಾಲನ್ಯಾಯ ಮಂಡಳಿಯ ಮುಂದೆ ಹಾಜರುಪಡಿಸಬೇಕು. ತಂದೆತಾಯಿಗೆ ತಿಳಿಸಬೇಕು. ಇದೆಲ್ಲ ನಿಜ. ಆದರೆ 16 ದಾಟಿದ ಹುಡುಗ ಘೋರ ಅಪರಾಧದಲ್ಲಿ ಸಿಕ್ಕಿಕೊಂಡರೆ ಲೆಕ್ಕ ಬೇರೆ. ಕನಿಷ್ಠ 7 ವರ್ಷ ಅಥವಾ ಅದಕ್ಕಿಂತ ಹೆಚ್ಚು ಶಿಕ್ಷೆ ಇರುವ ಅಪರಾಧಗಳನ್ನು ಘೋರ ಅನ್ನುತ್ತಾರೆ. ಆಗ ಮಂಡಳಿ ಅವನ ಮನಸ್ಸಿನ ಬೆಳವಣಿಗೆ, ಮಾಡಿದ್ದರ ಪರಿಣಾಮ ಅವನಿಗೆ ಗೊತ್ತಿತ್ತೇ ಅನ್ನುವುದನ್ನೆಲ್ಲ ಪರಿಶೀಲಿಸುತ್ತದೆ. ದೊಡ್ಡವನಂತೆ ವಿಚಾರಣೆ ಆಗಬೇಕು ಅನ್ನಿಸಿದರೆ ಮಕ್ಕಳ ನ್ಯಾಯಾಲಯಕ್ಕೆ ಕಳಿಸಬಹುದು. ಕೈ ಮುರಿದ ಕೇಸು ಆ ಮಟ್ಟದ್ದಲ್ಲ. ಆದರೆ ಮುಂದಿನ ಸಲ ಪೆಟ್ಟು ತಲೆಗೆ ಬೀಳುವುದಿಲ್ಲ ಅಂತ ಯಾರು ಹೇಳಬಲ್ಲರು?

ಇದರ ಎದುರು ಇನ್ನೊಂದು ತಪ್ಪು ತಿಳಿವಳಿಕೆ ಇದೆ. ಒಂದು ಸಲ ಕೇಸಾದರೆ ಮುಗಿಯಿತು, ಸರ್ಕಾರಿ ನೌಕರಿ ಇಲ್ಲ, ಜೀವನವೇ ಹೋಯಿತು ಅಂತ. ಇದಕ್ಕೆ ಹೆದರಿ ಎಷ್ಟೋ ಅಪ್ಪಂದಿರು ಅಣ್ಣನ ಕಾಲಿಗೇ ಬೀಳುತ್ತಾರೆ, ‘ನೀವೇ ಕೇಸು ಮುಚ್ಚಿಸಿ’ ಅಂತ. ಅಲ್ಲಿಗೆ ಅಪ್ಪ, ಮಗ ಇಬ್ಬರೂ ಅವನ ಕೈಗೆ ಹೋದಂತೆ. ದೊಡ್ಡವನಂತೆ ವಿಚಾರಣೆಗೆ ಒಳಗಾದವರನ್ನು ಬಿಟ್ಟರೆ, ಬಾಲ್ಯದ ಕೇಸು ಮುಂದೆ ಯಾವುದಕ್ಕೂ ಅನರ್ಹತೆ ಆಗಬಾರದು ಅಂತ ಅದೇ ಕಾಯ್ದೆ ಹೇಳುತ್ತದೆ. ದಾಖಲೆ ನಾಶ ಮಾಡುವುದಕ್ಕೂ ಅವಕಾಶ ಇದೆ.

ಅಣ್ಣನಿಗೆ ಏನು? ಮಕ್ಕಳನ್ನು ಕಾನೂನುಬಾಹಿರ ಕೆಲಸಕ್ಕೆ ಬಳಸಿದ ದೊಡ್ಡವರಿಗೆ ಬಾಲನ್ಯಾಯ ಕಾಯ್ದೆಯಲ್ಲಿ 7 ವರ್ಷದ ತನಕ ಕಠಿಣ ಶಿಕ್ಷೆ, 5 ಲಕ್ಷ ದಂಡ. 2024ರ ಜುಲೈ 1ರಿಂದ ಬಂದ ಭಾರತೀಯ ನ್ಯಾಯ ಸಂಹಿತೆಯ 95ನೇ ಸೆಕ್ಷನ್ನಿನಲ್ಲಿ ಮಗುವನ್ನು ಅಪರಾಧಕ್ಕೆ ಹಚ್ಚಿದವನಿಗೆ ಕನಿಷ್ಠ 3 ವರ್ಷ, 10 ವರ್ಷದ ತನಕ ಶಿಕ್ಷೆ. ಇದನ್ನು ಮಗನಿಗೆ ಓದಿ ಹೇಳಿ. ಹುಡುಗರನ್ನು ಇಟ್ಟುಕೊಂಡರೆ ತನಗೆ ಸೇಫ್ ಅಂತ ಅಣ್ಣ ತಿಳಿದಿದ್ದಾನೆ. ಕಾನೂನು ಹಾಗೆ ನೋಡುವುದಿಲ್ಲ.

‘ನಾನು ಸುಮ್ನೆ ನಿಂತಿದ್ದೆ’ ಅನ್ನುವುದನ್ನೂ ಎಲ್ಲ ಹುಡುಗರು ಹೇಳುತ್ತಾರೆ. ನಿಜವೂ ಇರುತ್ತದೆ. ಆದರೆ ಗುಂಪಿನಲ್ಲಿ ಒಂದೇ ಉದ್ದೇಶಕ್ಕೆ ಸೇರಿದ್ದರು ಅಂತ ರುಜುವಾತಾದರೆ, ಕೈ ಎತ್ತದವನೂ ಹೊಣೆಗಾರ ಆಗಬಹುದು. ಈ ಸಿನಿಮಾದ ಹದಿನೇಳರ ಹುಡುಗನ ಪಾತ್ರ ಮಾಡಿದ ನಟನ ಬದುಕಿನಲ್ಲೇ ಹೀಗೆ ನಡೆಯಿತು. 2005ರ ಡಿಸೆಂಬರಿನಲ್ಲಿ ಅವನೂ ಇನ್ನೊಬ್ಬನೂ ಬ್ರಾಂಕ್ಸ್‌ನಲ್ಲೇ ಒಂದು ಮನೆಗೆ ನುಗ್ಗಲು ಹೋದರು. ಪಕ್ಕದ ಮನೆಯಲ್ಲಿ ಡ್ಯೂಟಿ ಮುಗಿಸಿ ಬಂದಿದ್ದ ಪೊಲೀಸ್ ಅಧಿಕಾರಿ ಹೊರಗೆ ಬಂದರು. ಜೊತೆಗಿದ್ದವನು ಗುಂಡು ಹಾರಿಸಿ ಅವರನ್ನು ಕೊಂದ. ನಟ ಗುಂಡು ಹಾರಿಸಿರಲಿಲ್ಲ, ಕೊಲೆ ಆರೋಪದಿಂದ ಬಿಡುಗಡೆಯಾದ. ಆದರೂ ಕಳ್ಳತನದ ಯತ್ನಕ್ಕೆ 10 ವರ್ಷದ ಶಿಕ್ಷೆಯಾಯಿತು. ಕಾರಿನಿಂದ ಇಳಿದು ಬದುಕಿದ ಹುಡುಗನ ಪಾತ್ರ ಮಾಡಿದವನು ಅವನು. ಇದನ್ನು ಹೇಳಿದಾಗ ನನ್ನ ಹುಡುಗರು ಎಷ್ಟು ಹೊತ್ತು ಸುಮ್ಮನಾಗುತ್ತಾರೆ ಅಂತ ನಾನು ನೋಡಿದ್ದೇನೆ.

ನಿಮ್ಮ ಮುಂದಿರುವ ದಾರಿಗಳಿಗೆ ಬರೋಣ. ದುಡ್ಡು ಮುಖಕ್ಕೆ ಎಸೆಯುವುದು ಬೇಡ. ಲೊರೆಂಜೊ ದುಡ್ಡು ವಾಪಸ್ ಕೊಟ್ಟಿದ್ದು ದೊಡ್ಡ ಮಾತು, ಆ ದೃಶ್ಯ ಕಂಡಾಗ ನನಗೆ ಈಗಲೂ ಕಣ್ಣು ತುಂಬುತ್ತದೆ. ಆದರೆ ಹತ್ತು ಜನ ಹುಡುಗರ ಮುಂದೆ ಅಣ್ಣನಿಗೆ ಸವಾಲು ಹಾಕಿದರೆ, ಅವನು ತಿರುಗಿ ಏನಾದರೂ ಮಾಡಲೇಬೇಕಾಗುತ್ತದೆ. ಅವನ ಮರ್ಯಾದೆಯ ಪ್ರಶ್ನೆ ಆಗುತ್ತದೆ. ಮಗನಿಗೂ ನಾಲ್ಕು ಜನರ ಮುಂದೆ ಅವಮಾನ. ಮಾತಾಡಲೇಬೇಕು ಅನ್ನಿಸಿದರೆ ಹಗಲು ಹೊತ್ತು, ಏರಿಯಾದ ಹಿರಿಯರೊಬ್ಬರನ್ನು ಕರೆದುಕೊಂಡು, ಒಂದೇ ಮಾತು ಹೇಳಿ ಬನ್ನಿ: ‘ಹುಡುಗನಿಗೆ ಪರೀಕ್ಷೆ ಇದೆ, ಇನ್ನು ಮೇಲೆ ಬರಲ್ಲ.’ ಅದನ್ನೂ ಬ್ಯಾಂಕಿನ ಕೆಲಸ ಮುಗಿದ ಮೇಲೆ, ವಕೀಲರನ್ನು ಕೇಳಿದ ಮೇಲೆ.

ಸಿಂಧನೂರಿಗೆ ಕಳಿಸುವುದು. ಮಗನಿಗೆ ಬೆದರಿಕೆ ಬಂದಿದ್ದರೆ ಇಂದೇ ಕಳಿಸಿ, ನನ್ನ ಉತ್ತರಕ್ಕೂ ಕಾಯಬೇಡಿ. ಇಲ್ಲದಿದ್ದರೆ ಯೋಚಿಸಿ. ಫೋನು ಅವನ ಜೊತೆಗೇ ಹೋಗುತ್ತದೆ. ಬೆಟ್ಟಿಂಗ್ ಅಲ್ಲಿಯೂ ಇದೆ, ಟಿಪ್ಪರ್ ಅಲ್ಲಿಯೂ ಇವೆ. ಸೆಕೆಂಡ್ ಪಿಯುಸಿಗೆ 75 ಪರ್ಸೆಂಟ್ ಹಾಜರಾತಿ ಬೇಕು. ಕಾಲೇಜಿಗೆ ಹೋಗಿ ಅವನದು ಎಷ್ಟಿದೆ ಅಂತ ಮೊದಲು ನೋಡಿ. ಶಿಕ್ಷೆಯಂತೆ ಊರು ಬಿಡಿಸಿದ ಹುಡುಗರು ಹಬ್ಬಕ್ಕೆ ವಾಪಸ್ ಬಂದು ನೇರವಾಗಿ ಅಣ್ಣನ ಅಂಗಡಿಗೆ ಹೋಗಿದ್ದನ್ನು ನಾನು ಕಂಡಿದ್ದೇನೆ. ಪರೀಕ್ಷೆ ಮುಗಿದ ಮೇಲೆ ಮುಂದಿನ ಓದಿಗೆ ಅಂತ ಬೇರೆ ಊರಿಗೆ ಹೋದರೆ ಅದು ಬೇರೆ. ಅದರಲ್ಲಿ ಅವನ ಒಪ್ಪಿಗೆ ಇರುತ್ತದೆ.

ಹೊಡೆಯುವುದನ್ನು ನೀವು ಕೇಳಿಲ್ಲ, ಆದರೂ ಹೇಳುತ್ತೇನೆ, ಬೇಡ. ಮನೆಯಲ್ಲಿ ಪೆಟ್ಟು ತಿಂದ ರಾತ್ರಿ ಹುಡುಗ ಎಲ್ಲಿ ಮಲಗಲು ಹೋಗುತ್ತಾನೆ ಅಂತ ನಿಮಗೇ ಗೊತ್ತು.

ಸಾಕ್ಷಿಯ ವಿಷಯವೇ ಎಲ್ಲಕ್ಕಿಂತ ಕಷ್ಟದ್ದು. ಸಿನಿಮಾದಲ್ಲಿ ಒಂಬತ್ತು ವರ್ಷದ ಹುಡುಗ ಪೊಲೀಸರಿಗೆ ಸುಳ್ಳು ಹೇಳುತ್ತಾನೆ. ಪ್ರಾಮಾಣಿಕನಾದ ಲೊರೆಂಜೊ ಕೂಡ ಅದನ್ನು ತಡೆಯುವುದಿಲ್ಲ. ಮಗನ ಜೀವದ ಭಯ. ಆದ್ದರಿಂದ ಅವತ್ತು ಸುಮ್ಮನಿದ್ದದ್ದಕ್ಕೆ ನಿಮ್ಮನ್ನು ನಾನು ದೂರುವುದಿಲ್ಲ. ಆದರೆ ಅವತ್ತಿನ ‘ನೋಡಿಲ್ಲ’ ಕೊನೆಯ ಮಾತಾಗಬೇಕಿಲ್ಲ. ವಕೀಲರ ಮೂಲಕ ಮತ್ತೆ ಹೇಳಿಕೆ ಕೊಡಬಹುದು. ವಕೀಲರಿಲ್ಲದೆ ಒಬ್ಬನನ್ನೇ ಠಾಣೆಗೆ ಕಳಿಸಬೇಡಿ. ಸಾಕ್ಷಿ ಅಂತ ಹೋದವನು ಗುಂಪಿನವನು ಅಂತ ಬರೆಸಿಕೊಂಡು ಬರುವ ಅಪಾಯ ಇದೆ. ಸುಪ್ರೀಂ ಕೋರ್ಟ್ 2018ರಲ್ಲಿ ಒಪ್ಪಿದ ಸಾಕ್ಷಿ ರಕ್ಷಣಾ ಯೋಜನೆಯಲ್ಲಿ ಜಿಲ್ಲಾ ಮಟ್ಟದಲ್ಲೇ ಅರ್ಜಿ ಹಾಕಬಹುದು. ಅದನ್ನೂ ವಕೀಲರಿಗೆ ಕೇಳಿ. ಆ ಕಾಗದವೊಂದೇ ನಿಮ್ಮನ್ನು ಕಾಯುತ್ತದೆ ಅಂತ ನಾನು ಹೇಳಲಾರೆ. ಅದೇ ಓಣಿಯಲ್ಲಿ ನಾಳೆಯೂ ನೀವು ಬಾಳಬೇಕು. ಈಗಲೇ ಆ ಟೈಲರ್ ಮನೆಗೆ ಹೋಗಬೇಡಿ. ಒಳ್ಳೆಯ ಮನಸ್ಸಿನಿಂದ ಹೋದರೂ, ಕೇಸು ಬಿಡಿಸಲು ಬಂದರು ಅಂತ ಆಗುತ್ತದೆ. ನನ್ನ ಅಭಿಪ್ರಾಯ ಕೇಳಿದರೆ, ಹೇಳಿಕೆ ಕೊಡುವುದು ಸರಿ. ಆದರೆ ಯಾವಾಗ, ಹೇಗೆ ಅನ್ನುವುದನ್ನು ಮಗ, ನೀವು, ವಕೀಲರು ಕೂತು ತೀರ್ಮಾನ ಮಾಡಿ. ಅವನ ಮೇಲೆ ಹೇರಬೇಡಿ. ಸುಮ್ಮನಿದ್ದುಬಿಡು, ಅದೇ ಜಾಣತನ ಅಂತಲೂ ಕಲಿಸಬೇಡಿ.

ಲೊರೆಂಜೊ ಎಲ್ಲದರಲ್ಲೂ ಸರಿ ಇದ್ದವನಲ್ಲ, ಅದೂ ನಿಮಗೆ ತಿಳಿದಿರಲಿ. ಮಗ ಕಪ್ಪು ಹುಡುಗಿಯನ್ನು ಇಷ್ಟಪಟ್ಟಾಗ ಅವನು ಹಿಂಜರಿಯುತ್ತಾನೆ, ನಮ್ಮವರು ನಮ್ಮವರ ಜೊತೆಗಿದ್ದರೆ ಚೆಂದ ಅನ್ನುವ ಧಾಟಿಯಲ್ಲಿ ಮಾತಾಡುತ್ತಾನೆ. ಆ ವಿಷಯದಲ್ಲಿ ಮನಸ್ಸು ತೆರೆದವನು ರೌಡಿ. ನಮ್ಮ ಮನೆಗಳಲ್ಲಿ ಜಾತಿಯ ಮಾತು ಬಂದಾಗ ಒಳ್ಳೆಯ ಅಪ್ಪಂದಿರೇ ಹೇಗೆ ಮಾತಾಡುತ್ತಾರೆ ಅಂತ ನಾವೆಲ್ಲ ಕೇಳಿದ್ದೇವೆ. ಮಗ ಈ ದೃಶ್ಯದ ಬಗ್ಗೆ ಏನಾದರೂ ಕೇಳಿದರೆ ಸಿಟ್ಟಾಗಬೇಡಿ. ಅಪ್ಪ ಒಂದು ವಿಷಯದಲ್ಲಿ ತಪ್ಪು ಅಂತ ಒಪ್ಪಿಕೊಂಡರೆ, ಉಳಿದ ಮಾತುಗಳನ್ನು ಹುಡುಗರು ಇನ್ನೂ ಗಟ್ಟಿಯಾಗಿ ನಂಬುತ್ತಾರೆ.

ವಸ್ತಿ ಡ್ಯೂಟಿ ಇರುವ ರಾತ್ರಿಗಳಲ್ಲಿ ಊಟಕ್ಕೆ ಕೂರುವ ಮುಂಚೆ ದಿನಾ ಒಂದೇ ಹೊತ್ತಿಗೆ ಮಗನಿಗೆ ಫೋನ್ ಮಾಡಿ. ‘ಓದಿದ್ಯಾ’ ಅಂತ ಕೇಳಬೇಡಿ. ಇವತ್ತು ಬಸ್ಸಿನಲ್ಲಿ ಏನಾಯಿತು ಅಂತ ನೀವು ಹೇಳಿ. ಮೊದಲ ವಾರ ಅವನು ‘ಹೂಂ’ ಅಂದು ಇಟ್ಟುಬಿಡುತ್ತಾನೆ. ಬಿಡಬೇಡಿ, ಮಾಡುತ್ತಲೇ ಇರಿ. ರಾತ್ರಿ ಬಸ್ ಓಡಿಸುವಾಗಲೂ ಇದೇ ತಲೆಯಲ್ಲಿ ಅಂದಿರಿ, ಸ್ಟಿಯರಿಂಗ್ ಹಿಡಿಯುವವರು ನೀವು. 14416 ಟೆಲಿ ಮನಸ್ ಅನ್ನುವ ಮಾನಸಿಕ ಆರೋಗ್ಯ ಸಹಾಯವಾಣಿ, ಉಚಿತ, ಕನ್ನಡದಲ್ಲೇ ಮಾತಾಡಬಹುದು. ಮಗನಿಗೆ ತುರ್ತು ಅಪಾಯ ಅನ್ನಿಸಿದರೆ ಮಕ್ಕಳ ಸಹಾಯವಾಣಿ 1098.

ಆಮೇಲೆ ಆ ಸಿನಿಮಾದ ಉಳಿದ ಅರ್ಧ. ‘ಅವತ್ತು ಎದ್ದು ಹೋದೆ, ಮುಂದೇನಾಯ್ತು ತೋರ್ಸು’ ಅಂತ ನೀವೇ ಕೇಳಿ. ಸನ್ನಿಯ ಶವದ ಹತ್ತಿರ ಕೊನೆಗೆ ಲೊರೆಂಜೊ ಬರುತ್ತಾನೆ. ಮಗನ ಜೀವ ಉಳಿಸಿದ್ದಕ್ಕೆ ಸತ್ತವನಿಗೆ ಥ್ಯಾಂಕ್ಸ್ ಹೇಳುತ್ತಾನೆ. ಮಗನನ್ನು ಇಷ್ಟು ಬೇಗ ದೊಡ್ಡವನನ್ನಾಗಿ ಮಾಡಿಬಿಟ್ಟೆಯಲ್ಲ ಅಂತ ಸಂಕಟಪಡುತ್ತಾನೆ. ಆಮೇಲೆ ಅಪ್ಪ, ಮಗ ಇಬ್ಬರೂ ಜೊತೆಯಾಗಿ ಅಲ್ಲಿಂದ ಹೊರಡುತ್ತಾರೆ. ಆ ದೃಶ್ಯ ಬಂದಾಗ ನೀವು ಏನೂ ಮಾತಾಡುವುದು ಬೇಡ, ಸುಮ್ನೆ ಪಕ್ಕದಲ್ಲಿ ಕೂತಿರಿ.